ಲೀಲಮ್ಮನವರ ಸ್ವಂತ ದನಿ

ಹೋದ ವಾರ ಗಾಂಧಿ ಬಜಾರಿನಲ್ಲಿ ಹೂವು ಕೊಳ್ಳಲು ನಿಂತಿದ್ದೆ. ಪಕ್ಕದಲ್ಲೇ ಒಬ್ಬಾಕೆ ಗೋಣಿಚೀಲ ಹಾಸಿ ಹೇರಳೆಕಾಯಿ ಗುಡ್ಡೆ ಹಾಕಿಕೊಂಡಿದ್ದಳು. ಯಾರೋ ಗಿರಾಕಿ, ಕಾಯಿ ಬಾಡಿದೆಯೋ ಏನೋ ಎಂದು ಉಗುರಿನಿಂದ ಸಿಪ್ಪೆ ಗೀರಿ ಮೂಸಿದರು. ಆ ಕಹಿ ಘಮಲು ನನ್ನ ತನಕ ಬಂತು. ಹೂವಿನವಳು “ಎಷ್ಟು ಮೊಳ ಅಕ್ಕಾ?” ಎಂದು ಮತ್ತೆ ಮತ್ತೆ ಕೇಳುತ್ತಿದ್ದರೂ ನಾನು ಆ ಗುಡ್ಡೆಯ ಕಡೆಗೇ ತಿರುಗಿಬಿಟ್ಟೆ.

ಬೇರೆಯವರಿಗೆ ಹೇರಳೆಕಾಯಿ ಎಂದರೆ ಚಿತ್ರಾನ್ನ, ಗೊಜ್ಜು, ಪಿತ್ತಕ್ಕೆ ಮದ್ದು. ನನಗೆ ಅದು ಇಂಗ್ಲೆಂಡಿನ ವಾಸನೆ. ನಗುವವರು ನಗಲಿ. ಇಂಗ್ಲೆಂಡ್ ಹಾಗಿರಲಿ, ನಾನು ಹೊಸೂರು ದಾಟಿ ಹೋದದ್ದೂ ಕಡಿಮೆ. ಆದರೆ ಒಂದು ಚಳಿಗಾಲ ಪೂರ್ತಿ ಬಸವನಗುಡಿಯ ಒಂದು ಅಡುಗೆಮನೆಯಲ್ಲಿ ಹೇರಳೆ ಸಿಪ್ಪೆ ಹೆಚ್ಚುತ್ತಾ ಆ ದೇಶದ ಸಿನಿಮಾ ಸ್ಟುಡಿಯೋಗಳಲ್ಲಿ ಓಡಾಡಿದ್ದೇನೆ. ಓಡಾಡಿಸಿದವರು ಲೀಲಮ್ಮ. ಈಗ ಅವರೂ ಇಲ್ಲ, ಆ ಮನೆಯೂ ಇಲ್ಲ. ಹೂವು ಹಿಡಿದುಕೊಂಡು ಆ ರಸ್ತೆಗೆ ಹೋಗಿ ನೋಡಿದೆ. ಮನೆಯಿದ್ದ ಜಾಗದಲ್ಲಿ ಹಸಿರು ಬಲೆ ಹೊದ್ದ ಕಟ್ಟಡ ಏಳುತ್ತಿದೆ. ಗೇಟಿನ ಪಕ್ಕದ ಸಂಪಿಗೆ ಮರವನ್ನು ಮಾತ್ರ ಯಾಕೋ ಉಳಿಸಿದ್ದಾರೆ.

ಲೀಲಮ್ಮನ ಹುಟ್ಟುಹೆಸರು ಲಿಲಿಯನ್. ಎರಡನೇ ಮಹಾಯುದ್ಧ ಮುಗಿದ ಮೇಲಿನ ವರ್ಷಗಳಲ್ಲಿ ಅಲ್ಲಿನ ಸಿನಿಮಾಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡುತ್ತಿದ್ದ ನಟಿ. ಲಂಡನ್ನಿಗೆ ಓದಲು ಹೋಗಿದ್ದ ಬಸವನಗುಡಿಯ ಡಾಕ್ಟರೊಬ್ಬರನ್ನು ಮದುವೆಯಾಗಿ ಹಡಗು ಹತ್ತಿ ಬಂದವರು ಮತ್ತೆ ವಾಪಸು ಹೋಗಲಿಲ್ಲ. ಲಿಲಿಯನ್ ಎನ್ನುವುದು ಅತ್ತೆಯ ನಾಲಿಗೆಗೆ ಹೊರಳದೆ ಲೀಲಾ ಆಯಿತು, ವಯಸ್ಸಾದ ಮೇಲೆ ಲೀಲಮ್ಮ. ನಾನು ಅವರನ್ನು ನೋಡುವ ಹೊತ್ತಿಗೆ ಡಾಕ್ಟರು ತೀರಿಕೊಂಡು ಎಷ್ಟೋ ವರ್ಷವಾಗಿತ್ತು. ಮಕ್ಕಳಿರಲಿಲ್ಲ. ತೊಂಬತ್ತರ ಹತ್ತಿರದ ಬಿಳಿ ಹೆಂಗಸು, ಮೈಮೇಲೆ ಕಾಟನ್ ಸೀರೆ, ಅದರ ಮೇಲೆ ಡಾಕ್ಟರ ಹಳೇ ಸ್ವೆಟರು, ಬಾಯಿ ತೆರೆದರೆ ಹಳೇ ಬಸವನಗುಡಿಯ ಅತ್ತೆಯರ ಅಪ್ಪಟ ಕನ್ನಡ.

ಆ ವರ್ಷ ಮಳೆ ಹಿಂದೆಗೆಯುವ ಹೊತ್ತಿಗೆ ನಾನು ಬಾಡಿಗೆ ಮನೆ ಹುಡುಕುತ್ತಿದ್ದೆ. ನಾನು ಹುಟ್ಟಿ ಬೆಳೆದದ್ದು ಶ್ರೀರಾಂಪುರದಲ್ಲಿ. ಅಮ್ಮ ಹೋದ ಮೇಲೆ ಅಣ್ಣನ ಮನೆಯಲ್ಲಿ ನನಗೆ ಉಳಿದದ್ದು ನಡುಮನೆಯ ದಿವಾನ್ ಮಂಚ. ಮದುವೆ ಮುರಿದುಕೊಂಡು ಬಂದ, ನಲವತ್ತು ದಾಟಿದ ನಾದಿನಿಗೆ ಅದೂ ಹೆಚ್ಚೇ ಎಂದು ಅತ್ತಿಗೆಯ ಅಭಿಪ್ರಾಯ. ನನ್ನ ಕೆಲಸ ಚಾಮರಾಜಪೇಟೆಯ ಒಂದು ಡಬ್ಬಿಂಗ್ ಸ್ಟುಡಿಯೋದಲ್ಲಿ. ಹಿಂದಿ, ತೆಲುಗು ಧಾರಾವಾಹಿಗಳ ಹೆಂಗಸರಿಗೆ ಕನ್ನಡದಲ್ಲಿ ದನಿ ಕೊಡುತ್ತೇನೆ. ಸಂಜೆ ನಿಮ್ಮ ಮನೆಯ ಟಿವಿಯಲ್ಲಿ ಸೊಸೆಯ ಜೀವ ತಿನ್ನುವ ಅತ್ತೆಯ ದನಿ ನನ್ನದೇ ಇದ್ದರೂ ಇರಬಹುದು. ನನ್ನ ಹೆಸರು ಗಿರಿಜಾ. ಅದು ಯಾವ ಪರದೆಯ ಮೇಲೂ ಬರುವುದಿಲ್ಲ, ಹಾಗಾಗಿ ಇಲ್ಲೇ ಹೇಳಿಬಿಟ್ಟೆ.

ಬಸವನಗುಡಿಯ ರಸ್ತೆಗಳಲ್ಲಿ ಒಂಟಿ ಹೆಂಗಸು ‘ಮನೆ ಬಾಡಿಗೆಗೆ ಇದೆ’ ಬೋರ್ಡು ನೋಡಿ ಗೇಟು ತಟ್ಟಿದರೆ ಮೊದಲು ಕಾಫಿ ಕೊಡುತ್ತಾರೆ, ಆಮೇಲೆ “ನೀವು ಯಾವ ಕಡೆಯವರು?” ಎನ್ನುತ್ತಾರೆ. ಶ್ರೀರಾಂಪುರ ಎಂದರೆ ಒಂದು ಸಣ್ಣ ಮೌನ. ನಮ್ಮನೆಯಲ್ಲಿ ಬುದ್ಧನ ಪಟ ಇಟ್ಟುಕೊಳ್ಳುತ್ತೇವೆ ಎಂದರೆ ಅದಕ್ಕಿಂತ ದೊಡ್ಡ ಮೌನ. “ಮನೇಲಿ ಕೇಳಿ ಫೋನ್ ಮಾಡ್ತೀವಿ” ಎನ್ನುತ್ತಾರೆ. ಮಾಡುವುದಿಲ್ಲ. ಲೀಲಮ್ಮ ಮಾತ್ರ ಕಾರ್ ಶೆಡ್ಡಿನ ಮೇಲಿನ ರೂಮು ತೋರಿಸಿ, “ಈ ಮೆಟ್ಲು ಹತ್ತಿ ಇಳಿಯಕ್ಕೆ ಆಗತ್ತೇನೇ ನಿಂಗೆ? ನಂಗಂತೂ ಆಗಲ್ಲಮ್ಮ” ಎಂದು ಕೇಳಿದರು. ಅಷ್ಟೇ ವಿಚಾರಣೆ.

ಯಾಕೆ ಇನ್ನೇನೂ ಕೇಳಲಿಲ್ಲ ಎನ್ನುವುದು ಆಮೇಲೆ ತಿಳಿಯಿತು. ಹಡಗಿನಿಂದ ಇಳಿದು ಬಂದ ಹೊಸದರಲ್ಲಿ ಅತ್ತೆ ಇವರನ್ನು ಅಡುಗೆಮನೆಯ ಹೊಸಿಲು ದಾಟಲು ಬಿಟ್ಟಿರಲಿಲ್ಲವಂತೆ. ಹಜಾರದಲ್ಲಿ ಬೇರೆ ತಟ್ಟೆ, ಬೇರೆ ಲೋಟ. “ಆ ತಟ್ಟೆ ಇನ್ನೂ ಇಟ್ಕೊಂಡಿದೀನಿ ಕಣೇ,” ಎಂದು ಲೀಲಮ್ಮ ಕಿಟಕಿಯ ಆಚೆ ಬೆರಳು ತೋರಿಸಿದರು. “ಅದ್ರಲ್ಲೇ ದಿನಾ ಕಾಗೆಗೆ ಅನ್ನ ಇಡೋದು. ನಮ್ಮತ್ತೆ ಬಂದು ತಿಂದ್ಕೊಂಡು ಹೋಗ್ಲಿ ಅಂತ.” ಹೇಳಿ ತಾವೇ ನಕ್ಕರು. ನನಗೆ ಆ ಮುದುಕಿಯ ಮೇಲೆ ಪ್ರೀತಿ ಹುಟ್ಟಿದ್ದು ಆ ನಗುವಿನಿಂದ.

ಚಳಿ ಬಿದ್ದ ಮೇಲೆ ಹೇರಳೆಕಾಯಿ ಬಂತು. ವರ್ಷಕ್ಕೊಮ್ಮೆ ಅವರು ಅದರ ಸಿಪ್ಪೆಯಲ್ಲಿ ಮಾರ್ಮಲೇಡ್ ಎಂಬ ಕಹಿ ಜಾಮ್ ಮಾಡುತ್ತಿದ್ದರು. ಅಲ್ಲಿಯ ಕಹಿ ಕಿತ್ತಳೆ ಇಲ್ಲಿ ಸಿಗದೆ ಹೇರಳೆಯಲ್ಲಿ ಒಗ್ಗಿಸಿಕೊಂಡದ್ದು. ಅತ್ತೆ ಅದಕ್ಕೆ ‘ಬ್ರಿಟಿಷರ ಗೊಜ್ಜು’ ಎಂದು ಹೆಸರಿಟ್ಟಿದ್ದರಂತೆ. ಲೀಲಮ್ಮನ ಕೈ ನಡುಗುತ್ತಿದ್ದರಿಂದ ಆ ವರ್ಷ ಸಿಪ್ಪೆ ಹೆಚ್ಚುವ ಕೆಲಸ ನನ್ನದಾಯಿತು. ಸ್ಟುಡಿಯೋದಿಂದ ಬಂದು ಕಾಲು ತೊಳೆದು ಕೂತರೆ ಅವರ ಕಥೆ ಶುರು. ಅವರ ಕಿವಿ ಪೂರಾ ಮಂದ, ಉತ್ತರ ಕೊಡುವಾಗ ನಾನು ಮುಖ ಎತ್ತಬೇಕಿತ್ತು, ತುಟಿ ನೋಡಿಯೇ ಅವರಿಗೆ ಅರ್ಥವಾಗುತ್ತಿತ್ತು.

ಅವರದು ಇಂಗ್ಲೆಂಡಿನ ಬಡಗಣ ಸೀಮೆಯ ಒಂದು ಗಿರಣಿ ಊರು. ಅಪ್ಪ ನೂಲಿನ ಗಿರಣಿಯಲ್ಲಿ. ನಾಟಕ ಮಾಡಿಕೊಂಡಿದ್ದ ಹುಡುಗಿಯನ್ನು ಒಂದು ಸಿನಿಮಾ ಕಂಪನಿ ಸಂಬಳಕ್ಕೆ ಸೇರಿಸಿಕೊಂಡಿತು. ಅಂಥ ಹುಡುಗಿಯರ ಒಂದು ತಂಡವೇ ಇತ್ತಂತೆ. ನಡೆಯುವುದು ಹೇಗೆ, ಮೆಟ್ಟಿಲು ಇಳಿಯುವುದು ಹೇಗೆ, ಟೀ ಕಪ್ಪು ಹಿಡಿಯುವುದು ಹೇಗೆ ಎಂದು ಪಾಠ. ಎಲ್ಲಕ್ಕಿಂತ ಹೆಚ್ಚಾಗಿ ಮಾತಾಡುವುದು ಹೇಗೆ ಎಂದು.

“ನಮ್ಮೂರ ಮಾತು ಅಂದ್ರೆ ಅವ್ರಿಗೆ ನಿಮ್ ಶ್ರೀರಾಂಪುರದ ಮಾತಿದ್ದ ಹಾಗೆ ಅಂತ ತಿಳ್ಕೋ.”

“ಶ್ರೀರಾಂಪುರದ ಮಾತಿಗೆ ಏನಾಗಿದೆ ಲೀಲಮ್ಮ?”

“ಏನೂ ಆಗಿಲ್ಲ. ಅದನ್ನೇ ಹೇಳ್ತಿರೋದು ನಾನು.”

ನನಗೂ ಸ್ಟುಡಿಯೋದಲ್ಲಿ ಮೊದಲ ವರ್ಷ ಪೂರ್ತಿ ಕಲಿಸಿದ್ದು ಅದನ್ನೇ, ಮಾತಿನಿಂದ ಶ್ರೀರಾಂಪುರ ತೆಗೆಯುವುದನ್ನು.

ಲೀಲಮ್ಮ ಟೆಲಿಫೋನ್ ಆಪರೇಟರ್ ಆದರು, ನರ್ಸ್ ಆದರು, ಹೋಟೆಲಿನಲ್ಲಿ ತಟ್ಟೆ ಇಡುವವಳಾದರು. ಬೆಳಿಗ್ಗೆ ಬಾಗಿಲು ತೆರೆದು ಹೆಣ ನೋಡಿ ಕಿರುಚುವ ಕೆಲಸದವಳಂತೂ ಎಷ್ಟು ಸಲ ಆದರೋ. “ಹೆಣ ಎಲ್ಲಾ ನನ್ ಪಾಲಿಗೆ, ಹೀರೋ ಎಲ್ಲಾ ಹೀರೋಯಿನ್ ಪಾಲಿಗೆ” ಎನ್ನುತ್ತಿದ್ದರು. ಕೊನೆಗೆ ಒಂದೇ ಒಂದು ದೊಡ್ಡ ಪಾತ್ರ ಸಿಕ್ಕಿತು. ನಾಯಕಿಯ ತಂಗಿ, ಸಿರಿವಂತರ ಮನೆಯ ಹುಡುಗಿ. ಅಕ್ಕನ ಗಂಡನಾಗುವವನನ್ನೇ ಒಳಗೊಳಗೆ ಪ್ರೀತಿಸಿದವಳು. ಕೊನೆಯ ದೃಶ್ಯದಲ್ಲಿ ರೈಲು ನಿಲ್ದಾಣದಲ್ಲಿ ಅವನನ್ನು ಕಳಿಸಿಕೊಡುತ್ತಾ ಒಂದು ಮಾತು ಹೇಳುತ್ತಾಳೆ. ಲೀಲಮ್ಮ ನೆಟ್ಟಗೆ ಕೂತು ಅದನ್ನು ಇಂಗ್ಲಿಷಿನಲ್ಲಿ ಹೇಳಿ, ಆಮೇಲೆ ನನಗೆಂದು ಕನ್ನಡದಲ್ಲಿ ಹೇಳಿದರು: “ತಿರುಗಿ ನೋಡ್ಬೇಡ. ನೋಡಿದ್ರೆ ನಾನಿನ್ನೂ ಇಲ್ಲೇ ನಿಂತಿರೋದು ಕಾಣತ್ತೆ.”

ನಿಲ್ದಾಣದಲ್ಲಿ ಇಂಜಿನ್ನಿನ ಸದ್ದು. ಹಾಗಾಗಿ ಶೂಟಿಂಗ್ ಮುಗಿದ ಮೇಲೆ ಎಲ್ಲ ನಟರನ್ನೂ ಒಬ್ಬೊಬ್ಬರಾಗಿ ಕರೆಸಿ ಒಂದು ಕೋಣೆಯಲ್ಲಿ ಅವರವರ ಮಾತನ್ನು ಮತ್ತೆ ಹೇಳಿಸಿದರಂತೆ. ಇವರನ್ನು ಮಾತ್ರ ಕರೆಯಲಿಲ್ಲ. ಹೋಗಿ ಕೇಳಿದರೆ, “ನಿಮ್ಮದು ಬೇಕಾಗಿಲ್ಲ, ಎಲ್ಲ ಸರಿಯಾಗಿದೆ” ಎಂದರಂತೆ. “ದೊಡ್ಡ ದೊಡ್ಡ ಆ್ಯಕ್ಟರ್‌ಗಳೆಲ್ಲ ಎರಡೆರಡು ಸಲ ಹೇಳ್ಬೇಕಾಯ್ತು. ನಂದು ಒಂದೇ ಸಲಕ್ಕೆ ಓಕೆ!” ಎಂದು ಲೀಲಮ್ಮ ಎದೆಯುಬ್ಬಿಸಿದರು. ಅದೇ ಹೆಮ್ಮೆಯಲ್ಲಿ ಹಡಗು ಹತ್ತಿದರು. ಸಿನಿಮಾ ತೆರೆಗೆ ಬಂದದ್ದು ಆಮೇಲೆ. ಬೆಂಗಳೂರು ದಂಡಿನ ಟಾಕೀಸುಗಳಿಗೆ ಎಷ್ಟೋ ಇಂಗ್ಲಿಷ್ ಸಿನಿಮಾ ಬಂದವು, ಅದೊಂದು ಬರಲಿಲ್ಲ.

ಹೆಚ್ಚುತ್ತಿದ್ದ ನನ್ನ ಕೈ ನಿಂತಿತು. ಇಂಜಿನ್ ಬುಸುಗುಟ್ಟುವ ಕಡೆ ಎಲ್ಲರ ದನಿಯೂ ಕೆಟ್ಟು ಇವರೊಬ್ಬರದು ಸರಿಯಿರುವುದು ಹೇಗೆ? ನನ್ನ ಕಸುಬಿನಲ್ಲಿ ಒಬ್ಬರನ್ನು ಮತ್ತೆ ಕರೆಯಲಿಲ್ಲ ಎಂದರೆ ಅರ್ಥ ಬೇರೆ. ಆದರೆ ಅವರ ಮುಖ ಆ ಹೊತ್ತಿನಲ್ಲಿ ಎಷ್ಟು ಬೆಳಗಿತ್ತೆಂದರೆ ನಾನು ಮತ್ತೆ ಸಿಪ್ಪೆಯ ಕಡೆ ತಿರುಗಿದೆ.

“ಮುಖ ಬಿಡು, ಫೋಟೋದಲ್ಲಿದೆ,” ಎಂದರು ಲೀಲಮ್ಮ. “ಆಗ ನನ್ ದನಿ ಹೆಂಗಿತ್ತು ಅಂತಲೇ ಮರ್ತ್ಹೋಗಿದೆ ಕಣೇ. ಡಾಕ್ಟ್ರು ಇದ್ದಿದ್ರೆ ಹೇಳೋರು. ಆ ದನಿ ಕೇಳಿದೋರು ಈಗ ಭೂಮಿ ಮೇಲೆ ಯಾರೂ ಉಳಿದಿಲ್ಲ. ಸಾಯೋದ್ರೊಳಗೆ ಒಂದ್ಸಲ ಕೇಳ್ಬೇಕು.”

ಕೇಳುವ ಯೋಗ ಬಂದದ್ದು ವಾಸುದೇವ ರಾಯರಿಂದ. ಎದುರು ಮನೆಯವರು, ಬ್ಯಾಂಕಿನಿಂದ ನಿವೃತ್ತರಾಗಿ ನಮ್ಮ ರಸ್ತೆಯ ಕನ್ನಡ ಸಂಘ ನಡೆಸುತ್ತಿದ್ದವರು. ಪರೋಪಕಾರಿ, ಆದರೆ ಡಬ್ಬಿಂಗ್ ಎಂಬ ಪದ ಕಿವಿಗೆ ಬಿದ್ದರೆ ಮೈಮೇಲೆ ಬಂದವರಂತೆ ಆಡುತ್ತಿದ್ದರು. ಬೇರೆ ಭಾಷೆಯ ಸಿನಿಮಾಗಳನ್ನು ಕನ್ನಡಕ್ಕೆ ಡಬ್ ಮಾಡಬಾರದು ಎಂದು ಹರೆಯದಲ್ಲಿ ಬಾವುಟ ಹಿಡಿದು ನಡೆದ ತಲೆಮಾರು ಅವರದು. ನನ್ನ ಕೆಲಸ ಏನೆಂದು ತಿಳಿದ ದಿನ, “ತಪ್ಪು ತಿಳ್ಕೋಬೇಡಿ ಗಿರಿಜಮ್ಮ, ನಿಮ್ಮ ಬಗ್ಗೆ ಗೌರವ ಇದೆ. ಆದ್ರೆ ಒಬ್ರ ಮುಖಕ್ಕೆ ಇನ್ನೊಬ್ರ ದನಿ ಅಂಟ್ಸೋದು ಮೋಸ ರೀ” ಎಂದಿದ್ದರು. ಆ ಮೋಸದಿಂದಲೇ ನನ್ನ ಒಲೆ ಉರಿಯುತ್ತದೆ ಎಂದು ನಾನು ಉತ್ತರ ಕೊಟ್ಟೆ. ಅವತ್ತಿನಿಂದ ನಮ್ಮಿಬ್ಬರದು ನಮಸ್ಕಾರದ ಸಂಬಂಧ ಮಾತ್ರ.

ಅಂಥ ರಾಯರು ಒಂದು ಬೆಳಿಗ್ಗೆ ಲ್ಯಾಪ್‌ಟಾಪ್ ಎದೆಗವಚಿಕೊಂಡು ಓಡಿಬಂದರು. ಯಾರೋ ಪುಣ್ಯಾತ್ಮರು ಆ ಸಿನಿಮಾವನ್ನು ಇಂಟರ್‌ನೆಟ್ಟಿಗೆ ಏರಿಸಿದ್ದರು. ರಾಯರು ಆಗಲೇ ಕಾರ್ಯಕ್ರಮ ಗೊತ್ತು ಮಾಡಿಬಿಟ್ಟಿದ್ದರು. ಸಂಕ್ರಾಂತಿಗೆ ಮುಂಚಿನ ಭಾನುವಾರ, ಸಂಘದ ಹಾಲಿನಲ್ಲಿ ಲೀಲಮ್ಮನಿಗೆ ಸನ್ಮಾನ, ಆಮೇಲೆ ಸಿನಿಮಾ. ಆಮಂತ್ರಣದಲ್ಲಿ ‘ನಮ್ಮ ರಸ್ತೆಯ ಹಾಲಿವುಡ್ ತಾರೆ’ ಎಂದು ಹಾಕಿಸಿದ್ದರು. ಹಾಲಿವುಡ್ ಇರುವುದು ಬೇರೆ ದೇಶದಲ್ಲಿ ಎಂದು ಲೀಲಮ್ಮ ಹೇಳಿದ್ದಕ್ಕೆ, “ಇರ್ಲಿ ಬಿಡೀಮ್ಮ, ಜನಕ್ಕೆ ಅರ್ಥ ಆಗ್ಬೇಕಲ್ಲ” ಎಂದರು.

ಲೀಲಮ್ಮ ಸಿನಿಮಾವನ್ನು ಮೊದಲೇ ನೋಡಲು ಒಪ್ಪಲಿಲ್ಲ. “ಪರದೆ ಮೇಲೇ ನೋಡ್ತೀನಿ” ಎಂದು ಹಟ. ಅಷ್ಟು ವರ್ಷ ಬೇಡವೆಂದು ಹಟ ಹಿಡಿದಿದ್ದ ಕಿವಿ ಮೆಷಿನ್ನನ್ನು ಆ ವಾರವೇ ಹಾಕಿಸಿಕೊಂಡು ಬಂದರು. ತಮ್ಮ ದನಿ ಕೇಳಬೇಕಲ್ಲ. ರಾಯರು ಲ್ಯಾಪ್‌ಟಾಪನ್ನು ನನ್ನ ಕೈಗಿಟ್ಟು, “ನೀವು ಆ ಲೈನಲ್ಲಿರೋರು, ಸೌಂಡ್ ಸರಿಯಾಗಿದ್ಯಾ ಸ್ವಲ್ಪ ನೋಡ್ಬಿಡಿ” ಎಂದರು.

ನನ್ನ ರೂಮಿನಲ್ಲಿ ಕೂತು ನೋಡಿದೆ. ಪರದೆಯ ಮೇಲೆ ಇಪ್ಪತ್ತು ದಾಟಿದ ಲೀಲಮ್ಮ. ಅದೇ ಚೂಪು ಗದ್ದ, ನಗುವ ಮೊದಲು ತುಟಿ ಒಂದು ಕಡೆಗೆ ವಾಲುವುದೂ ಅದೇ. ಆಕೆ ಬಾಯಿ ತೆರೆದಳು. ಮೊದಲ ವಾಕ್ಯಕ್ಕೇ ನನಗೆ ಗೊತ್ತಾಯಿತು, ದನಿ ಅವರದಲ್ಲ. ತುಟಿ ಮುಚ್ಚಿದ ಮೇಲೂ ದನಿಯ ಒಂದು ಎಳೆ ಉಳಿಯುತ್ತಿತ್ತು. ಉಸಿರು ಎಳೆದದ್ದು ಒಂದು ಎದೆ, ಮಾತಾಡಿದ್ದು ಇನ್ನೊಂದು. ಸಿನಿಮಾ ಪೂರ್ತಿ ಹಾಗೇ. ಯಾರೋ ಒಬ್ಬ ದೊಡ್ಡ ಮನೆಯ ಹೆಣ್ಣು ನಯವಾಗಿ, ತಣ್ಣಗೆ ಮಾತಾಡಿ ಹೋಗಿದ್ದಳು. ಗಿರಣಿ ಊರಿನ ಹುಡುಗಿಯನ್ನು ಅವರು ಮತ್ತೆ ಕರೆಯದೆ ಇದ್ದದ್ದು ಇದಕ್ಕೆ.

ಹೇಳಬೇಕೋ ಬೇಡವೋ? ಹಾಲಿನಲ್ಲಿ, ಶಾಲು ಹೊದ್ದು, ಹತ್ತು ಜನರ ಮುಂದೆ ಗೊತ್ತಾಗುವುದಕ್ಕಿಂತ ಅಡುಗೆಮನೆಯಲ್ಲಿ ಗೊತ್ತಾಗುವುದು ವಾಸಿ ಎನಿಸಿತು. ಮಾರನೆಯ ದಿನ ಮಾರ್ಮಲೇಡ್ ಬಾಟಲಿಗಳಿಗೆ ಮುಚ್ಚಳ ಹಾಕುತ್ತಿದ್ದಾಗ ಹೇಳಿಬಿಟ್ಟೆ. ಲೀಲಮ್ಮ ನನ್ನನ್ನು ದುರುಗುಟ್ಟಿ ನೋಡಿದರು.

“ನಿನ್ ಕಸುಬೇ ಅದು. ನಿಂಗೆ ಎಲ್ಲಾ ಕಡೆನೂ ಡಬ್ಬಿಂಗೇ ಕಾಣತ್ತೆ. ಎದ್ದು ಹೋಗು.”

ಎದ್ದು ಹೋದೆ. ಆಮೇಲೆ ಎಷ್ಟೋ ದಿನ ಮಾತಿಲ್ಲ. ಬೆಳಿಗ್ಗೆ ಮೆಟ್ಟಿಲು ಇಳಿದರೆ ಅಡುಗೆಮನೆಯ ಬಾಗಿಲು ಹಾಕಿರುತ್ತಿತ್ತು. ಕಾಗೆಯ ತಟ್ಟೆಯಲ್ಲಿ ಅನ್ನ ಇರುತ್ತಿತ್ತು, ನನಗೆ ಕಾಫಿ ಇರುತ್ತಿರಲಿಲ್ಲ. ಚಳಿ ಆ ವರ್ಷ ಜಾಸ್ತಿ. ಮಂಜಿನಲ್ಲಿ ಚಾಮರಾಜಪೇಟೆಯವರೆಗೆ ನಡೆದು ಹೋಗಿ ಯಾರದೋ ಮುಖಕ್ಕೆ ಅತ್ತು, ಯಾರದೋ ಮುಖಕ್ಕೆ ಕಿರುಚಿ, ಒಬ್ಬಳೇ ವಾಪಸು ಬರುತ್ತಿದ್ದೆ. ಅಣ್ಣನ ಮನೆ ಬಿಟ್ಟಾಗಲೂ ಅಷ್ಟು ಒಂಟಿ ಎನಿಸಿರಲಿಲ್ಲ. ಕೆಳಗೆ ಆಕೆ ಒಬ್ಬರೇ, ಮೇಲೆ ನಾನೊಬ್ಬಳೇ, ನಡುವೆ ಒಂದು ಮೆಟ್ಟಿಲುಸಾಲು. ಅದನ್ನು ಅವರಿಗೆ ಹತ್ತಲು ಆಗುವುದಿಲ್ಲ ಎಂದು ಗೊತ್ತಿದ್ದೂ, ದಿನಾ ಕಾಲ ಸದ್ದಿಗೆ ಕಿವಿಗೊಟ್ಟು ಕೂರುತ್ತಿದ್ದೆ.

ಒಂದು ಬೆಳಿಗ್ಗೆ ಕೆಳಗಿನಿಂದಲೇ ಕೂಗಿದರು. “ಏ ಗಿರಿಜಾ! ನಿನ್ ಸ್ಟುಡಿಯೋದಲ್ಲಿ ತೋರ್ಸು ನಂಗೆ. ಸುಳ್ಳಾಗಿದ್ರೆ ರೂಮ್ ಖಾಲಿ ಮಾಡ್ಬೇಕು, ತಿಳೀತಾ?”

ಕೆಲಸವಿಲ್ಲದ ಒಂದು ಮಧ್ಯಾಹ್ನ ಆಟೋದಲ್ಲಿ ಕರೆದುಕೊಂಡು ಹೋದೆ. ಸೌಂಡ್ ನೋಡಿಕೊಳ್ಳುವ ಫಾರೂಕ್ ಅವರಿಗೆ ಮೆತ್ತನೆ ಕುರ್ಚಿ ಹಾಕಿ, ಕಿವಿ ಮೆಷಿನ್ನಿನ ಮೇಲೆ ಹಿತವಾಗಿ ಹೆಡ್‌ಫೋನ್ ಕೂರಿಸಿದ. ಪರದೆಯ ಮೇಲೆ ರೈಲು ನಿಲ್ದಾಣ. ಹುಡುಗಿ ಮಾತಾಡಿದಳು. ದೃಶ್ಯ ಮುಗಿಯುವ ತನಕ ಲೀಲಮ್ಮ ಅಲುಗಲಿಲ್ಲ.

“ಇನ್ನೊಂದ್ಸಲ ಹಾಕಪ್ಪ.”

ಮತ್ತೆ ಹಾಕಿದ. ಆಮೇಲೆ ಅವರು ಹೆಡ್‌ಫೋನ್ ತೆಗೆದು ಮಡಿಲಲ್ಲಿ ಇಟ್ಟುಕೊಂಡರು.

“ಕರೀಲಿಲ್ಲ ನನ್ನ. ನಾನು ಅದನ್ನ ಹೊಗಳಿಕೆ ಅಂದ್ಕೊಂಡೆ ಕಣೇ,” ಎಂದರು. “ಡಾಕ್ಟ್ರಿಗೆ ಹೇಳ್ದೆ. ಹಡಗಲ್ಲಿ ಇದ್ದೋರಿಗೆಲ್ಲ ಹೇಳ್ದೆ. ನಮ್ಮತ್ತೆಗೂ ಹೇಳ್ದೆ. ಎಷ್ಟು ವರ್ಷ!”

ಫಾರೂಕ್ ತಲೆ ಬಗ್ಗಿಸಿ ಗುಂಡಿಗಳನ್ನು ಒರೆಸತೊಡಗಿದ. ಹೇಳಬಾರದಾಗಿತ್ತು ಎಂದಲ್ಲ, ಹೇಳಲೇಬೇಕಾಗಿತ್ತು. ಆದರೂ ಆ ಮುಖ ನೋಡಲಾಗಲಿಲ್ಲ.

ಸ್ವಲ್ಪ ಹೊತ್ತಿಗೆ ಅವರೇ, “ನಾನ್ ಹೇಳ್ತೀನಿ. ಈಗ ಹೇಳ್ತೀನಿ. ಇಲ್ಲಿ ಅದೇ ಅಲ್ವೇನೇ ಕೆಲ್ಸ?” ಎಂದು ಮೈಕಿನ ಕಡೆ ಕೈ ಮಾಡಿದರು. ಎಬ್ಬಿಸಿ ಅದರ ಮುಂದೆ ನಿಲ್ಲಿಸಿದೆವು. ಹೇಳಿದರು. ಪರದೆಯ ಹುಡುಗಿ ಮಾತು ಮುಗಿಸಿ ತುಟಿ ಮುಚ್ಚಿದರೂ ಇವರ ವಾಕ್ಯ ಇನ್ನೂ ಅರ್ಧದಲ್ಲಿತ್ತು. ಮತ್ತೆ ಮಾಡಿದರು, ಮತ್ತೆ ಉಸಿರು ಸಾಲಲಿಲ್ಲ. ಮುದಿ ಎದೆಗೆ ಆ ಎಳೆ ತುಟಿಗಳನ್ನು ಹಿಡಿಯಲಾಗಲಿಲ್ಲ. ಫಾರೂಕ್ ಗಾಜಿನಾಚೆಯಿಂದ “ಪರ್ವಾಗಿಲ್ಲಮ್ಮ, ಇನ್ನೊಂದು ಟೇಕ್ ತಗೊಳೋಣ” ಎನ್ನುತ್ತಲೇ ಇದ್ದ. ಕೊನೆಗೆ ಅವರೇ ಮೈಕಿನಿಂದ ಹಿಂದೆ ಸರಿದರು.

“ಬಿಡಪ್ಪ. ಆ ಹುಡುಗಿ ನನ್ನ ಬಿಟ್ಟು ಮುಂದೆ ಹೋಗ್ಬಿಟ್ಲು.”

ವಾಪಸು ಬರುವಾಗ ಆಟೋದಲ್ಲಿ, “ಆ ದನಿ ಕೊಟ್ಟೋಳು ಯಾರಿರ್ಬೋದೇ?” ಎಂದು ಕೇಳಿದರು. ಗೊತ್ತಿಲ್ಲ, ಅಂಥವರ ಹೆಸರು ಹಾಕುವುದಿಲ್ಲ ಎಂದೆ. “ಚೆನ್ನಾಗಿ ಹೇಳಿದಾಳೆ ಪಾಪ,” ಎಂದರು ಲೀಲಮ್ಮ. ಆಮೇಲೆ ಮನೆ ಬರುವವರೆಗೆ ನನ್ನ ಕೈ ಹಿಡಿದುಕೊಂಡಿದ್ದರು. ಸನ್ಮಾನ ಬೇಡವೆಂದು ರಾಯರಿಗೆ ಹೇಳಿಬಿಡಲೇ ಎಂದರೆ ಬೇಡವೆಂದರು. ಆ ಮನುಷ್ಯ ಅಷ್ಟು ಆಸೆಪಟ್ಟು ಮಾಡುತ್ತಿದ್ದಾನೆ, ಅವನಿಗೆ ಇದು ತಿಳಿಯುವುದೂ ಬೇಡ ಎಂದರು.

ಭಾನುವಾರ ಬಂತು. ಕ್ರಿಕೆಟ್ ಮ್ಯಾಚಿನ ದಿನವಾಗಿದ್ದರಿಂದ ಹಾಲಿನಲ್ಲಿ ಮುಕ್ಕಾಲು ಕುರ್ಚಿ ಖಾಲಿ. ಬಂದವರೂ ಹಿಂದಿನ ಸಾಲಿನಲ್ಲಿ ಫೋನ್ ಹಿಡಿದು ಸ್ಕೋರು ನೋಡುತ್ತಿದ್ದರು. ರಾಯರು ಮಾತ್ರ ಸಾವಿರ ಜನರ ಮುಂದೆ ನಿಂತವರ ಹಾಗೆ ಭಾಷಣ ಮಾಡಿದರು. ಲೀಲಮ್ಮನಿಗೆ ಮೈಸೂರು ಪೇಟ ಇಟ್ಟರು, ಅದು ಕಣ್ಣಿನವರೆಗೆ ಜಾರಿತು. ಶಾಲು ಹೊದಿಸಿದರು, ಹಣ್ಣಿನ ಬುಟ್ಟಿ ಕೊಟ್ಟರು. ದೀಪ ಆರಿಸಿ ಸಿನಿಮಾ ಶುರು ಮಾಡಿದರು. ನಾನು ಮುಂದಿನ ಸಾಲಿನಲ್ಲಿ ಅವರ ಪಕ್ಕ ಕೂತಿದ್ದೆ.

ಹುಡುಗಿ ಪರದೆಗೆ ಬರುವ ಮುಂಚೆ ಲೀಲಮ್ಮ ಕಿವಿಗೆ ಕೈ ಹಾಕಿದರು. ಮೆಷಿನ್ನು ತೆಗೆದರು, ನನ್ನ ಅಂಗೈಯಲ್ಲಿಟ್ಟು ಬೆರಳುಗಳನ್ನು ತಾವೇ ಮಡಚಿದರು. ಆಮೇಲೆ ಪರದೆಯ ಕಡೆ ತಿರುಗಿದರು. ಸಿನಿಮಾ ಪೂರ್ತಿ ಅವರ ತುಟಿ ಸದ್ದಿಲ್ಲದೆ ಅಲುಗುತ್ತಿತ್ತು. ರೈಲು ನಿಲ್ದಾಣ ಬಂದಾಗ ನಾನು ಪರದೆ ನೋಡುವುದು ಬಿಟ್ಟು ಅವರನ್ನೇ ನೋಡಿದೆ. ತಿರುಗಿ ನೋಡಬೇಡ. ಅಲ್ಲಿ ಹುಡುಗಿಯ ತುಟಿ, ಇಲ್ಲಿ ಅಜ್ಜಿಯ ತುಟಿ, ಒಂದೇ ಸಲ ತೆರೆದು ಒಂದೇ ಸಲ ಮುಚ್ಚಿದವು. ಇಷ್ಟು ವರ್ಷದ ನನ್ನ ಕಸುಬಿನಲ್ಲಿ ಅಷ್ಟು ಸರಿಯಾದ ಹೊಂದಿಕೆ ನಾನು ನೋಡಿಲ್ಲ. ಮುಷ್ಟಿಯೊಳಗೆ ಮೆಷಿನ್ನು ಸಣ್ಣಗೆ ಸಿಳ್ಳೆ ಹಾಕುತ್ತಿತ್ತು, ಮುಚ್ಚಿ ಹಿಡಿದರೆ ಅವು ಹಾಗೆ ಕೂಗುತ್ತವೆ. ನಾನು ಇನ್ನಷ್ಟು ಬಿಗಿಯಾಗಿ ಹಿಡಿದೆ.

ದೀಪ ಹತ್ತಿತು. ರಾಯರು ಕಣ್ಣೊರೆಸಿಕೊಳ್ಳುತ್ತಾ ಮೈಕು ಹಿಡಿದರು. “ಕೇಳಿದ್ರಲ್ಲ ಮಹನೀಯರೇ, ಇದು ಸ್ವಂತ ದನಿ! ಡಬ್ಬಿಂಗ್ ಗಿಬ್ಬಿಂಗ್ ಇಲ್ಲದ ಕಾಲದ ಕಲೆ!” ಎಂದು ನನ್ನ ಕಡೆ ಒಂದು ನೋಟ ಬೀರಿದರು. ನಾನು ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಬೇಕೆಂದುಕೊಂಡೆ, ಒಂದು ಕೈ ಮುಷ್ಟಿಯಾಗಿತ್ತು. ಏನೂ ಕೇಳಿಸದ ಲೀಲಮ್ಮ ಪೇಟ ಸರಿಮಾಡಿಕೊಂಡು ರಾಯರಿಗೆ ಕೈ ಮುಗಿದರು.

ಜನ ಕೋಸಂಬರಿಯ ಕಡೆ ಎದ್ದು ಹೋದರು. ಖಾಲಿ ಕುರ್ಚಿಗಳ ನಡುವೆ ನಾವಿಬ್ಬರೇ ಉಳಿದೆವು. ನಾನು ಮೆಷಿನ್ನು ಕೊಡಲು ಹೋದೆ, ಬೇಡವೆಂದು ತಲೆಯಾಡಿಸಿದರು. ನನ್ನ ಮುಖವನ್ನೇ ನೋಡುತ್ತಾ ಕೇಳಿದರು.

“ನನ್ ದನಿ ಕೇಳಿಸ್ತೇನೇ ನಿಂಗೆ?”

‘ಕೇಳಿಸ್ತು ಲೀಲಮ್ಮ’ ಎನ್ನಲು ಬಾಯಿ ತೆರೆದೆ. ದನಿ ಮಾರಿ ಬದುಕುವವಳು ನಾನು, ಆ ಹೊತ್ತಿನಲ್ಲಿ ನನ್ನ ದನಿ ಹೊರಡಲೇ ಇಲ್ಲ. ತುಟಿ ಮಾತ್ರ ಆಡಿತು. ಅವರು ನನ್ನ ತುಟಿಯನ್ನೇ ನೋಡಿದರು, ಅರ್ಥವಾಯಿತು ಎಂಬಂತೆ ತಲೆಯಾಡಿಸಿದರು.